ದೇವಿಕಾ ರಾಣಿಯವರ ಜೀವಿತದ ಉತ್ತರಾರ್ಧ: ಮಾಲಾಡಿನಿಂದ ತಾತಗುಣಿಗೆ

ಬೆಂಗಳೂರಿನಿಂದ ಕನಕಪುರಕ್ಕೆ ಹೋಗುವ ಮಾರ್ಗದಲ್ಲಿ, ನಗರದ ದಕ್ಷಿಣದ ಅಂಚಿಗೆ, ತಾತಗುಣಿ ಎಂಬ ಗ್ರಾಮವಿದೆ. ಶಾಸನಗಳಲ್ಲಿಯಾಗಲಿ ಕಾವ್ಯಗಳಲ್ಲಿಯಾಗಲಿ ಪ್ರಸಿದ್ಧಿ ಪಡೆದ ಸ್ಥಳ ಇದಲ್ಲ. ಆದರೂ 2011ನೆಯ ಇಸವಿ ಆಗಸ್ಟ್ 9ರಂದು ಭಾರತದ ಸರ್ವೋಚ್ಚ ನ್ಯಾಯಾಲಯದ ಸಂವಿಧಾನಪೀಠವು ಕೊಟ್ಟ ಒಂದು ತೀರ್ಪಿನಲ್ಲಿ ಈ ಗ್ರಾಮದ ಹೆಸರು ಶಾಶ್ವತವಾಗಿ ನಿಂತಿದೆ. ಸ್ವತ್ತಿನ ಹಕ್ಕನ್ನು ಕುರಿತ ಆ ತೀರ್ಪನ್ನು ನ್ಯಾಯಶಾಸ್ತ್ರವನ್ನು ವ್ಯಾಸಂಗಮಾಡುವವರೆಲ್ಲರೂ ಓದುತ್ತಾರೆ. ಚಲಚ್ಚಿತ್ರದ ಚರಿತ್ರೆಯನ್ನು ಬರೆಯುವವರು ಅದನ್ನು ಓದಿದಂತೆ ಕಾಣುವುದಿಲ್ಲ. ಅವರೂ ಓದಬೇಕಾದುದು ಅವಶ್ಯ. ಏತಕ್ಕೆಂದರೆ, ಭಾರತೀಯ ವಾಕ್ಚಿತ್ರದ ಮೊದಲ ದಶಕದ ಅಗ್ರಗಣ್ಯ ನಟಿಯೊಬ್ಬರ ಜೀವಿತದ ಅರ್ಧಭಾಗದ ವೃತ್ತಾಂತವು ಚಿತ್ರಪತ್ರಿಕೆಗಳಲ್ಲಿ ದೊರೆಯದೆ ಆ ತೀರ್ಪಿನ ಪೀಠಿಕೆಯಲ್ಲಿ, ಸರ್ವೆ ನಂಬರುಗಳ ಮತ್ತು ಬೆಳೆಯ ವಿವರಗಳ ನಡುವೆ ದೊರೆಯುತ್ತದೆ.

ದೇವಿಕಾ ರಾಣಿಯವರ ಹೆಸರನ್ನು ಕೇಳದ ವಾಚಕರು ವಿರಳ. ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿಯು ಸ್ಥಾಪಿತವಾದಾಗ 1969ನೆಯ ಸಾಲಿಗಾಗಿ ಅದನ್ನು ಮೊಟ್ಟಮೊದಲು ಪಡೆದವರು ಆಕೆಯೇ. ಆಕೆಯ ಜೀವನವನ್ನು ಹೇಳುವ ಬರಹಗಳು ಬಹುಮಟ್ಟಿಗೆ ಒಂದೇ ಅಚ್ಚಿನಲ್ಲಿ ಎರೆದವುಗಳು. ವಿಲಾಯತಿಯ ವಿದ್ಯಾಭ್ಯಾಸ, ಹಿಮಾಂಶು ರಾಯರೊಡನೆ ವಿವಾಹ, ಬಾಂಬೆ ಟಾಕೀಸಿನ ವೈಭವ, ರಾಯರ ಮರಣ, 1945ರಲ್ಲಿ ರಷ್ಯಾದೇಶದ ಚಿತ್ರಕಾರರೊಬ್ಬರೊಡನೆ ಪುನರ್ವಿವಾಹ. ಇಲ್ಲಿಗೆ ಕಥೆ ನಿಲ್ಲುತ್ತದೆ. ಅನಂತರ ಬೆಂಗಳೂರಿನಲ್ಲಿ ಏಕಾಂತವಾಗಿ ಬಾಳಿದರು ಎಂಬ ಒಂದು ವಾಕ್ಯವು ಸೇರಿಕೊಂಡರೆ ಲೇಖನವು ಮುಗಿಯಿತು. 1945ರಲ್ಲಿ ಆಕೆಗೆ 37 ವರ್ಷ ವಯಸ್ಸು. ಆಕೆ ಕಾಲವಾದುದು 1994ನೆಯ ಇಸವಿ ಮಾರ್ಚ್ 9ರಂದು. ನಾಲ್ವತ್ತೊಂಬತ್ತು ವರ್ಷಗಳಿಗೆ ಒಂದು ವಾಕ್ಯ!

ಈ ಅಸಮತೆಗೆ ಆಕೆಯ ಮೌನವೇ ಕಾರಣವೆಂದು ಸಾಮಾನ್ಯವಾಗಿ ಹೇಳುವುದುಂಟು. ನನಗೆ ತೋರುವ ಮಟ್ಟಿಗೆ ಕಾರಣವು ನಮ್ಮ ಲೇಖನಕ್ರಮದಲ್ಲಿಯೇ ಇದೆ. ಆಕೆಯನ್ನು ನಾವು ನಟಿ ಎಂಬ ಒಂದೇ ಮಾತಿನಲ್ಲಿ ಕಟ್ಟಿಹಾಕಿದ್ದೇವೆ. ಆದಕಾರಣ ನಟನೆಯು ನಿಂತಲ್ಲಿ ಚರಿತ್ರೆಯೂ ನಿಲ್ಲುತ್ತದೆ. ಆದರೆ ಆಕೆ ತೆರೆಯ ಮೇಲೆ ಕಾಣಿಸಿಕೊಂಡುದು 1933ರಿಂದ 1943ರವರೆಗೆ, ಸುಮಾರು 15 ಚಿತ್ರಗಳಲ್ಲಿ ಮಾತ್ರ. ಅದಕ್ಕಿಂತ ಮುಂಚೆಯೂ, ಆ ನಡುವೆಯೂ, ಆಮೇಲೆಯೂ ಆಕೆ ಮಾಡಿದ ಕೆಲಸ ಬೇರೆಯದು. ಒಂದು ಸಂಸ್ಥೆಯನ್ನು ಕಟ್ಟುವುದು, ಅದಕ್ಕೆ ತಕ್ಕ ಜನರನ್ನು ಹುಡುಕುವುದು, ಹಣ ಮತ್ತು ನೆಲಗಳ ಲೆಕ್ಕವನ್ನು ನೋಡಿಕೊಳ್ಳುವುದು: ಈ ದೃಷ್ಟಿಯಿಂದ ನೋಡಿದರೆ ಮಾಲಾಡಿನ ಚಿತ್ರಶಾಲೆಗೂ ತಾತಗುಣಿಯ ತೋಟಕ್ಕೂ ನಡುವೆ ನಾವು ಕಲ್ಪಿಸಿಕೊಂಡಿರುವ ಕಂದಕವು ಅಷ್ಟು ಆಳವಾದುದಲ್ಲ.

ಆಕೆ ಹುಟ್ಟಿದುದು 1908ನೆಯ ಇಸವಿ ಮಾರ್ಚ್ 30ರಂದು, ವಿಶಾಖಪಟ್ಟಣದ ವಾಲ್ಟೇರಿನಲ್ಲಿ. ತಂದೆ ಕರ್ನಲ್ ಮನ್ಮಥನಾಥ ಚೌಧುರಿಯವರು ಮದರಾಸು ಪ್ರಾಂತದ ಸರ್ಜನ್ ಜನರಲ್ ಪದವಿಗೇರಿದ ಮೊದಲ ಭಾರತೀಯರು. ಮನೆತನಕ್ಕೆ ರವೀಂದ್ರನಾಥ ಠಾಕೂರರ ಬಂಧುತ್ವವಿದ್ದಿತು. ಒಂಬತ್ತನೆಯ ವಯಸ್ಸಿನಲ್ಲಿಯೇ ಬಾಲಕಿಯನ್ನು ಇಂಗ್ಲೆಂಡಿನ ವಸತಿಶಾಲೆಗೆ ಕಳುಹಿಸಿದರು. ಲಂಡನ್ನಿನಲ್ಲಿ ಆಕೆ ನಾಟಕ, ಸಂಗೀತಗಳನ್ನು ಕಲಿತುದಲ್ಲದೆ ಬಟ್ಟೆಗಳ ಮೇಲಣ ವಿನ್ಯಾಸದ ಕಲೆಯನ್ನೂ ಅಭ್ಯಾಸಮಾಡಿದರು. ಈ ಕೊನೆಯ ಸಂಗತಿಯು ಗಮನಾರ್ಹ. 1928ರಲ್ಲಿ ಹಿಮಾಂಶು ರಾಯರ ಪರಿಚಯವಾದಾಗ ರಾಯರು ಆಕೆಯನ್ನು ಕರೆದುದು ಅಭಿನಯಕ್ಕಾಗಿ ಅಲ್ಲ. ಜರ್ಮನಿಯವರ ಸಹಕಾರದಿಂದ ಆಗ ಸಿದ್ಧವಾಗುತ್ತಿದ್ದ, 1929ರಲ್ಲಿ ಹೊರಬಂದ ‘ಪ್ರಪಂಚಪಾಶ’ ಎಂಬ ಮೂಕಚಿತ್ರದಲ್ಲಿ ವೇಷಭೂಷಣ, ರಂಗಸಜ್ಜುಗಳ ಕೆಲಸಕ್ಕೆ ಆಕೆ ನೆರವಾದರು. ಚಲಚ್ಚಿತ್ರದೊಳಕ್ಕೆ ಆಕೆ ಪ್ರವೇಶಿಸಿದುದು ಕ್ಯಾಮರಾದ ಹಿಂಬದಿಯಿಂದ ಎಂಬುದನ್ನು ನೆನಪಿನಲ್ಲಿಡತಕ್ಕದ್ದು. ಅದೇ 1929ರಲ್ಲಿ ವಿವಾಹವಾಯಿತು. ದಂಪತಿಗಳು ಬರ್ಲಿನ್ನಿನ ಸಮೀಪದ ಊಫಾ ಚಿತ್ರಶಾಲೆಯಲ್ಲಿ ಕೆಲಕಾಲ ಕೆಲಸ ಕಲಿತರು. ಆ ಕಾಲಕ್ಕೆ ಯೂರೋಪಿನಲ್ಲಿ ಅದಕ್ಕಿಂತ ದೊಡ್ಡ ಪಾಠಶಾಲೆ ಈ ಕಲೆಗೆ ಇರಲಿಲ್ಲ.

‘ಕರ್ಮ’ ಚಿತ್ರವು 1933ನೆಯ ಮೇ ತಿಂಗಳಲ್ಲಿ ಲಂಡನ್ನಿನಲ್ಲಿ ಪ್ರದರ್ಶಿತವಾಯಿತು. ಇಂಗ್ಲಿಷ್ ಮತ್ತು ಹಿಂದಿ ಎರಡು ಭಾಷೆಗಳಲ್ಲಿ ತಯಾರಾದ ಚಿತ್ರ. ಇದರಲ್ಲಿ ಬರುವ ಒಂದು ಚುಂಬನದ ದೃಶ್ಯವನ್ನು ಕುರಿತು ಇಂದಿಗೂ ಪತ್ರಿಕೆಗಳು ಬರೆಯುತ್ತಲೇ ಇವೆ. ಅದು ನಾಲ್ಕು ನಿಮಿಷದ್ದೆಂದು ಒಬ್ಬರಿಂದೊಬ್ಬರು ನಕಲುಮಾಡುತ್ತಾರೆ. ಚಿತ್ರವನ್ನು ನೋಡಿದವರಿಗೆ ಆ ಲೆಕ್ಕವು ಉತ್ಪ್ರೇಕ್ಷೆಯೆಂಬುದು ತಿಳಿದೇ ಇದೆ. ಹಾವು ಕಚ್ಚಿ ಪ್ರಜ್ಞೆದಪ್ಪಿದ ರಾಜಕುಮಾರನ ಮೇಲೆ ರಾಣಿಯು ಶೋಕದಿಂದ ಬಾಗುವ ಸನ್ನಿವೇಶ ಅದು. ಪಾತ್ರಧಾರಿಗಳಾದರೋ ವಾಸ್ತವವಾಗಿ ಗಂಡಹೆಂಡಿರು. ಇದೊಂದು ಕ್ಷುಲ್ಲಕ ವಿಷಯವೆಂದು ಬಿಡಬಹುದಾಗಿದ್ದಿತು. ಆದರೆ 85 ವರ್ಷಗಳ ಬಾಳನ್ನು ಕೆಲವು ಗಳಿಗೆಗಳಿಗೆ ಇಳಿಸುವ ಅಭ್ಯಾಸವು ಹೇಗೆ ಹುಟ್ಟಿತು ಎಂಬುದಕ್ಕೆ ಇದೇ ನಿದರ್ಶನವಾದುದರಿಂದ ಹೇಳಬೇಕಾಯಿತು.

ಜರ್ಮನಿಯಲ್ಲಿ ಹಿಟ್ಲರನು ಅಧಿಕಾರಕ್ಕೆ ಬಂದುದೂ ಅದೇ 1933ರಲ್ಲಿ. ಯೂರೋಪಿನ ಸಹಭಾಗಿತ್ವದಿಂದ ಚಿತ್ರ ತೆಗೆಯುವ ರಾಯರ ಯೋಜನೆಗೆ ಆಸ್ಪದವಿಲ್ಲದಂತಾಗಿ ಅವರು ಸ್ವದೇಶಕ್ಕೆ ಮರಳಿದರು. 1934ರಲ್ಲಿ ಮುಂಬಯಿಯ ಹೊರವಲಯವಾದ ಮಾಲಾಡಿನಲ್ಲಿ ಬಾಂಬೆ ಟಾಕೀಸ್ ಸಂಸ್ಥೆಯು ಷೇರು ಬಂಡವಾಳದ ಕಂಪೆನಿಯಾಗಿ ಸ್ಥಾಪಿತವಾಯಿತು. ಇಲ್ಲಿ ನಮ್ಮ ನಾಡಿನ ಸ್ಥಿತಿಯನ್ನು ಹೋಲಿಸಿ ನೋಡುವುದು ಉಚಿತ. ಅದೇ 1934ರ ಮಾರ್ಚಿಯಲ್ಲಿ ಮೊದಲನೆಯ ಕನ್ನಡ ವಾಕ್ಚಿತ್ರವಾದ ‘ಸತಿ ಸುಲೋಚನ’ ಬೆಂಗಳೂರಿನಲ್ಲಿ ಬಿಡುಗಡೆಯಾಯಿತು. ಸುಬ್ಬಯ್ಯನಾಯುಡು, ನಾಗೇಂದ್ರರಾಯರು, ತ್ರಿಪುರಾಂಬ ಮೊದಲಾದವರು ಆ ಚಿತ್ರಕ್ಕಾಗಿ ಕೊಲ್ಲಾಪುರದ ಚಿತ್ರಶಾಲೆಗೆ ಹೋಗಬೇಕಾಯಿತು. ಕನ್ನಡನಾಡಿನೊಳಗೆ ವಾಕ್ಚಿತ್ರವನ್ನು ತೆಗೆಯುವ ಉಪಕರಣಗಳೇ ಇರಲಿಲ್ಲ. ಮಾಲಾಡಿನಲ್ಲಿಯಾದರೋ ನಿರ್ದೇಶಕರಾದ ಫ್ರಾನ್ಸ್ ಆಸ್ಟೆನ್, ಛಾಯಾಗ್ರಾಹಕರಾದ ಯೋಸೆಫ್ ವಿರ್ಷಿಂಗ್, ಸಜ್ಜುಗಾರರಾದ ಕಾರ್ಲ್ ಫಾನ್ ಸ್ಪ್ರೇಟಿ ಮೊದಲಾದ ಜರ್ಮನ್ ತಜ್ಞರು ಕೆಲಸಮಾಡುತ್ತಿದ್ದರು. ಅವರ ಕೈಕೆಳಗೆ ಭಾರತದ ಪದವೀಧರ ತರುಣರು ಶಿಕ್ಷಣ ಪಡೆಯುತ್ತಿದ್ದರು.

ಈ ಸಂಸ್ಥೆಯ ಆರಂಭದ ವರ್ಷಗಳಲ್ಲಿ ಒಂದು ಪ್ರಕರಣವು ನಡೆಯಿತು. ಮೊದಲ ಚಿತ್ರವಾದ ‘ಜವಾನಿ ಕಿ ಹವಾ’ದಲ್ಲಿ ನಾಯಕನಾಗಿದ್ದ ನಜ್ಮುಲ್ ಹಸನ್ ಎಂಬ ನಟನೊಡನೆ ದೇವಿಕಾ ರಾಣಿಯವರು ಕಲ್ಕತ್ತೆಗೆ ಹೊರಟುಹೋದರು, ಶಶಧರ ಮುಖರ್ಜಿಯವರು ಸಂಧಾನಮಾಡಿ ಆಕೆಯನ್ನು ಹಿಂದಕ್ಕೆ ಕರೆತಂದರು. ಚಾರಿತ್ರಿಕವಾಗಿ ಬೆಲೆಯುಳ್ಳುದು ಇದರ ಪರಿಣಾಮ. ನಾಯಕನ ಸ್ಥಾನವು ತೆರವಾದುದರಿಂದ, ಮುಖರ್ಜಿಯವರ ಭಾವಮೈದುನರೂ ಪ್ರಯೋಗಶಾಲೆಯ ಸಹಾಯಕರೂ ಆಗಿದ್ದ ಅಶೋಕ ಕುಮಾರರನ್ನು 1936ರ ‘ಜೀವನ್ ನೈಯಾ’ ಚಿತ್ರಕ್ಕೆ ನಿಲ್ಲಿಸಿದರು. ಹಿಂದಿ ಚಿತ್ರರಂಗದ ಅರ್ಧ ಶತಮಾನದ ನಟನೊಬ್ಬನು ಹುಟ್ಟಿದುದು ಹೀಗೆ.

ಅದೇ 1936ರಲ್ಲಿ ಬಂದ ‘ಅಛೂತ್ ಕನ್ಯಾ’ ಆಕೆಯ ಕೀರ್ತಿಗೆ ಕಳಶವಿಟ್ಟ ಚಿತ್ರ. ನಿರಂಜನ ಪಾಲರು ಬರೆದ ಕಥೆ. ಖುರ್ಷೀದ್ ಎಂಬ ಪಾರ್ಸಿ ಮಹಿಳೆ ಸರಸ್ವತೀ ದೇವಿ ಎಂಬ ಹೆಸರಿನಿಂದ ಸಂಗೀತವನ್ನು ಕೂಡಿಸಿದರು. ರೈಲ್ವೆ ಗೇಟಿನ ಕಾವಲುಗಾರನ ಮಗಳಾದ ಕಸ್ತೂರಿ ಎಂಬ ಹರಿಜನ ಕನ್ಯೆಗೂ ಬ್ರಾಹ್ಮಣ ತರುಣ ಪ್ರತಾಪನಿಗೂ ಬಾಲ್ಯದಿಂದ ಬೆಳೆದ ಪ್ರೀತಿಯು ಸಮಾಜದ ಕಟ್ಟಿಗೆ ಸಿಕ್ಕಿ ನಾಶವಾಗುವುದೇ ಅದರ ವಸ್ತು. 1932ರ ಪುಣೆಯ ಒಪ್ಪಂದವೂ, 1933–34ರ ಗಾಂಧೀಜಿಯವರ ಹರಿಜನ ಯಾತ್ರೆಯೂ ಜನರ ಮನಸ್ಸಿನಲ್ಲಿ ಹಸಿಯಾಗಿದ್ದ ಕಾಲವದು. ಆ ಯಾತ್ರೆಯು ಮೈಸೂರು ಸಂಸ್ಥಾನಕ್ಕೂ ಬಂದಿದ್ದಿತು. ಚಿತ್ರದಲ್ಲಿ ದೋಷಗಳಿಲ್ಲವೆಂದಲ್ಲ. ವಿಲಾಯತಿಯಲ್ಲಿ ಬೆಳೆದ ನಾಯಿಕೆ ಎಳೆಯ ಹುಬ್ಬು, ತಿದ್ದಿದ ಮುಖ, ಕಲಿತು ಒಪ್ಪಿಸುವ ಹಿಂದೂಸ್ಥಾನಿಗಳೊಡನೆ ಹಳ್ಳಿಯ ಹುಡುಗಿಯಾಗಿ ನಿಲ್ಲುವುದು ಇಂದಿನ ಕಣ್ಣಿಗೆ ಕೃತಕವಾಗಿ ಕಾಣುತ್ತದೆ. ಕಥೆಯು ಕನ್ಯೆಯನ್ನು ಬಲಿಗೊಟ್ಟು ಪರಿಹಾರವನ್ನು ಕಾಣುವುದೂ ಆಕ್ಷೇಪಾರ್ಹವೇ. ಆದರೂ ಆಕೆಯ ಅಭಿನಯದಲ್ಲಿ ಆ ಕಾಲದ ಕಂಪೆನಿ ನಾಟಕಗಳ ಕೂಗಾಟವಿಲ್ಲ. ಮಾತಿಗೆ ಮುಂಚೆ ಮುಖವು ಕೆಲಸಮಾಡುತ್ತದೆ. ಬರ್ಲಿನ್ನಿನ ಪಾಠವು ಅಲ್ಲಿ ತಿಳಿಯುತ್ತದೆ. ಅನಂತರದ ‘ಇಜ್ಜತ್’, ‘ಸಾವಿತ್ರಿ’, ‘ನಿರ್ಮಲಾ’, ‘ವಚನ್’, ‘ದುರ್ಗಾ’ ಮೊದಲಾದವುಗಳನ್ನು ಇಲ್ಲಿ ವಿವರಿಸಬೇಕಾದ ಆವಶ್ಯಕತೆಯಿಲ್ಲ.

1939ರಲ್ಲಿ ಯುದ್ಧವು ಪ್ರಾರಂಭವಾಗುತ್ತಲೇ ಸರ್ಕಾರವು ಜರ್ಮನ್ ತಜ್ಞರನ್ನು ಬಂಧನದಲ್ಲಿಟ್ಟಿತು. ಸಂಸ್ಥೆಯ ಕೈಕಾಲುಗಳನ್ನು ಕಡಿದಂತಾಯಿತು. 1940ನೆಯ ಮೇ ತಿಂಗಳಲ್ಲಿ ಹಿಮಾಂಶು ರಾಯರೂ ತೀರಿಕೊಂಡರು. 32 ವರ್ಷದ ವಿಧವೆಯ ಮೇಲೆ ಷೇರುದಾರರ ಹಣ, ನೂರಾರು ಮಂದಿ ನೌಕರರ ಜೀವನೋಪಾಯ, ಅರ್ಧಕ್ಕೆ ನಿಂತ ಕೆಲಸ ಇವೆಲ್ಲವೂ ಒಟ್ಟಿಗೆ ಬಿದ್ದವು. ಆಕೆ ಚಿತ್ರನಿರ್ಮಾಣದ ಮೇಲ್ವಿಚಾರಣೆಯನ್ನು ವಹಿಸಿಕೊಂಡರು. ಆ ಬಳಿಕ ಆಕೆ ನಟಿಸಿದುದು ಎರಡೇ ಚಿತ್ರಗಳಲ್ಲಿ: 1941ರ ‘ಅಂಜಾನ್’, 1943ರ ‘ಹಮಾರೀ ಬಾತ್’. ಆದರೆ ಸಂಸ್ಥೆಯಿಂದ ಚಿತ್ರಗಳು ಒಂದರ ಮೇಲೊಂದು ಬಂದವು. 1942ರ ‘ಬಸಂತ್’ ಜನಪ್ರಿಯವಾಯಿತು. 1943ರ ‘ಕಿಸ್ಮತ್’ ಕಲ್ಕತ್ತೆಯ ಒಂದೇ ಚಿತ್ರಮಂದಿರದಲ್ಲಿ ಮೂರು ವರ್ಷಗಳಿಗೂ ಮಿಕ್ಕಿ ನಡೆಯಿತು. ‘ಕಿಸ್ಮತ್’ನ ಕೀರ್ತಿಯು ಶಶಧರ ಮುಖರ್ಜಿಯವರ ಪಕ್ಷಕ್ಕೆ ಸೇರತಕ್ಕುದೆಂಬುದನ್ನು ಮರೆಮಾಚಬೇಕಾಗಿಲ್ಲ. ಆಗ ಸಂಸ್ಥೆಯಲ್ಲಿ ಎರಡು ಪಕ್ಷಗಳಿದ್ದು, ಅದೇ 1943ರಲ್ಲಿ ಮುಖರ್ಜಿ, ಅಶೋಕ ಕುಮಾರ ಮೊದಲಾದವರು ಹೊರಬಿದ್ದು ಫಿಲ್ಮಿಸ್ತಾನ್ ಎಂಬ ಬೇರೆ ಸಂಸ್ಥೆಯನ್ನು ಕಟ್ಟಿದರು. ಉಳಿದವರನ್ನು ಕಟ್ಟಿಕೊಂಡು ಆಕೆ ಮತ್ತೆ ಹೊಸಬರನ್ನು ಹುಡುಕಿದರು. ಯೂಸುಫ್ ಖಾನ್ ಎಂಬ ಹಣ್ಣಿನ ವ್ಯಾಪಾರಿಯ ಮಗನನ್ನು ಕಂಡು ಕೆಲಸಕ್ಕೆ ಸೇರಿಸಿಕೊಂಡು, ದಿಲೀಪ್ ಕುಮಾರ್ ಎಂಬ ಹೆಸರಿನಿಂದ 1944ರ ‘ಜ್ವಾರ್ ಭಾಟಾ’ದಲ್ಲಿ ತೆರೆಯ ಮೇಲೆ ತಂದವರು ಆಕೆಯೇ.

ಇದೇ ಸಂದರ್ಭದಲ್ಲಿ ನಮಗೆ ಸಂಬಂಧಿಸಿದ ಒಂದು ಮಾತು. ದೇವಿಕಾ ರಾಣಿಯವರು ತೆರೆಯಿಂದ ಹಿಂಜರಿಯುತ್ತಿದ್ದಂತೆ ಬಾಂಬೆ ಟಾಕೀಸಿನ ನಾಯಿಕೆಯ ಸ್ಥಾನಕ್ಕೆ ಬಂದವರಲ್ಲಿ ಮುಖ್ಯರಾದವರು ಲೀಲಾ ಚಿಟಣಿಸ್. 1939ರ ‘ಕಂಗನ್’, 1940ರ ‘ಬಂಧನ್’, 1941ರ ‘ಝೂಲಾ’ ಇವುಗಳ ನಾಯಿಕೆ ಆಕೆ. ಈಕೆ ಹುಟ್ಟಿದುದು ಧಾರವಾಡದಲ್ಲಿ, 1909ರಲ್ಲಿ. ಪದವೀಧರೆ, ಮರಾಠಿ ರಂಗಭೂಮಿಯಲ್ಲಿ ಪಳಗಿದವರು. ಸುಶಿಕ್ಷಿತ ಕುಟುಂಬದ ಸ್ತ್ರೀಯರಿಗೆ ಚಿತ್ರಶಾಲೆಯು ಕೆಲಸಕ್ಕೆ ಯೋಗ್ಯವಾದ ಸ್ಥಳವೆಂಬ ನಂಬಿಕೆಯು ಬೇರೂರಿದ ಮೇಲೆ ತಾನೆ ಧಾರವಾಡದ ಲೀಲಾ ಅಂಥವರು ಮಾಲಾಡಿಗೆ ಬಂದುದು? ಆ ನಂಬಿಕೆಯನ್ನು ಹುಟ್ಟಿಸುವುದರಲ್ಲಿ ದೇವಿಕಾ ರಾಣಿಯವರ ಪಾಲು ದೊಡ್ಡದು.

ಯೂರೋಪಿನಲ್ಲಿ ಇದಕ್ಕೆ ಸಾದೃಶ್ಯವಾಗಿ ಫ್ರಾನ್ಸಿನ ನಟಿ ಮೂಸಿದೋರಾಳ ಜೀವಿತವನ್ನು ನೋಡಬಹುದು. 1889ರಲ್ಲಿ ಪ್ಯಾರಿಸಿನಲ್ಲಿ ಹುಟ್ಟಿದ ಈಕೆ, 1915–16ರಲ್ಲಿ ಲೂಯಿ ಫೊಯಾಡನು ತೆಗೆದ ‘ಲೆ ವಾಂಪೀರ್’ ಎಂಬ ಧಾರಾವಾಹಿ ಮೂಕಚಿತ್ರದಲ್ಲಿ ಕಪ್ಪು ಬಿಗಿಯುಡುಪಿನ ಕಳ್ಳಿಯ ವೇಷದಿಂದ ಲೋಕಪ್ರಸಿದ್ಧಳಾದಳು. ಜನರು ನೆನಪಿಟ್ಟುದು ಆ ಉಡುಪನ್ನು. ಆದರೆ ಆಕೆ 1920ರ ಸುಮಾರಿನಿಂದ ತಾನೇ ನಿರ್ಮಾಪಕಿಯಾಗಿ, ನಿರ್ದೇಶಕಿಯಾಗಿ ಫ್ರಾನ್ಸ್ ಸ್ಪೇನ್‌ಗಳಲ್ಲಿ ಚಿತ್ರಗಳನ್ನು ತೆಗೆದಳು. ಹಾಗೆ ನೋಡಿದರೆ ಇಬ್ಬರ ಕಥೆಯೂ ಒಂದೇ: ಒಂದು ಉಡುಪು, ಒಂದು ಚುಂಬನ; ಅದರ ಹಿಂದೆ ಮರೆಯಾದ ದುಡಿಮೆ. ಭೇದವಿರುವುದು ಮುಂದಿನ ಭಾಗದಲ್ಲಿ. 1936ರಲ್ಲಿ ಪ್ಯಾರಿಸಿನಲ್ಲಿ ಚಲಚ್ಚಿತ್ರಗಳನ್ನು ಕೂಡಿಡುವುದಕ್ಕಾಗಿ ಸಿನೆಮಾತೆಕ್ ಎಂಬ ಭಂಡಾರವು ಏರ್ಪಟ್ಟಿತು. ಮುಪ್ಪಿನಲ್ಲಿ ಮೂಸಿದೋರಾ ಅಲ್ಲಿ ಕೆಲಸಕ್ಕೆ ಸೇರಿ, 1957ರಲ್ಲಿ ತಾನು ಸಾಯುವವರೆಗೆ ಹಳೆಯ ಚಿತ್ರಗಾರರ ನೆನಪುಗಳನ್ನು ಸಂಗ್ರಹಿಸುವ ಕಾರ್ಯದಲ್ಲಿ ನೆರವಾದಳು. ನಟಿಯನ್ನೇ ಚರಿತ್ರೆಯ ಭಂಡಾರಕ್ಕೆ ಕರೆದು ಕೂರಿಸಿದ ದೇಶ ಅದು. ದೇವಿಕಾ ರಾಣಿಯವರ ಕಾಗದಪತ್ರಗಳ ಗತಿ ಬೇರೆಯಾಯಿತು.

1945ರಲ್ಲಿ ಆಕೆ ತಮ್ಮ ಷೇರುಗಳನ್ನು ಮಾರಿ ಸಂಸ್ಥೆಯಿಂದ ಬಿಡುಗಡೆಹೊಂದಿದರು. ಅದೇ ವರ್ಷ ಸ್ವೆತೊಸ್ಲಾವ್ ರೋರಿಕರನ್ನು ವರಿಸಿದರು. ಸೇಂಟ್ ಪೀಟರ್ಸ್‌ಬರ್ಗಿನಲ್ಲಿ 1904ರಲ್ಲಿ ಹುಟ್ಟಿದ ರೋರಿಕರು, ಹಿಮಾಲಯದ ಚಿತ್ರಗಳಿಂದ ಹೆಸರಾದ ನಿಕೊಲಾಸ್ ರೋರಿಕರ ಕಿರಿಯ ಮಗ. ಸ್ವತಃ ಭಾವಚಿತ್ರಗಳಲ್ಲಿ ನಿಪುಣರು. ದಂಪತಿಗಳು ಮೊದಲು ಕುಲು ಕಣಿವೆಯ ನಗ್ಗರದಲ್ಲಿ ಇದ್ದು, ಆಮೇಲೆ ಬೆಂಗಳೂರಿಗೆ ಬಂದು ನೆಲೆಸಿದರು. ಭಾರತ ಸರ್ಕಾರವು ಆಕೆಗೆ 1958ರಲ್ಲಿ ಪದ್ಮಶ್ರೀ ಪ್ರಶಸ್ತಿಯನ್ನೂ ರೋರಿಕರಿಗೆ 1961ರಲ್ಲಿ ಪದ್ಮಭೂಷಣವನ್ನೂ ಕೊಟ್ಟಿತು. ಬೆಂಗಳೂರಿನ ಚಿತ್ರಕಲಾ ಪರಿಷತ್ತಿನೊಡನೆ ರೋರಿಕರಿಗೆ ನಿಕಟ ಸಂಬಂಧವಿದ್ದಿತು. ತಂದೆ ಮತ್ತು ಮಗ ಇಬ್ಬರ ಚಿತ್ರಗಳೂ ಇಂದು ಅಲ್ಲಿಯ ಶಾಲೆಯಲ್ಲಿ ಇವೆ.

ತಾತಗುಣಿಯಲ್ಲಿಯೂ ಪಕ್ಕದ ಮಾನವರ್ತೆ ಕಾವಲಿನಲ್ಲಿಯೂ ಸೇರಿ ಅವರಿಗೆ ಸುಮಾರು 470 ಎಕರೆ ಭೂಮಿಯಿದ್ದಿತು. ಅದರಲ್ಲಿ ಹೆಚ್ಚು ಭಾಗವನ್ನು ಕ್ರಯಕ್ಕೆ ಪಡೆದಿದ್ದರು; ಸುಮಾರು 100 ಎಕರೆಯನ್ನು 1954ರಲ್ಲಿ ಸರ್ಕಾರವು ಕೃಷಿಗಾಗಿ ಮಂಜೂರುಮಾಡಿದ್ದಿತು. ಕಾವಲು ಎಂಬ ಮಾತು ಮೈಸೂರು ಸೀಮೆಯಲ್ಲಿ ದನಗಳ ಮೇವಿಗೆಂದು ಮೀಸಲಿಟ್ಟ ಹುಲ್ಲುಗಾವಲಿಗೆ ಸಲ್ಲುತ್ತಿದ್ದಿತೆಂಬುದನ್ನು ಬಲ್ಲವರಿಗೆ ಆ ನೆಲದ ಪೂರ್ವಸ್ಥಿತಿಯನ್ನು ಊಹಿಸುವುದು ಕಷ್ಟವಲ್ಲ. ಅದರ ವಿಸ್ತಾರವನ್ನು ತಿಳಿಯಲು ಒಂದು ಹೋಲಿಕೆ ಸಾಕು. 1970ರ ದಶಕದ ಕೊನೆಯಲ್ಲಿ ಅಲ್ಲಿಂದ ಪೂರ್ವಕ್ಕೆ, ಹೊಸೂರು ರಸ್ತೆಯ ಕೋನಪ್ಪನ ಅಗ್ರಹಾರ ಮತ್ತು ದೊಡ್ಡತೋಗೂರುಗಳಲ್ಲಿ ಕಿಯೋನಿಕ್ಸ್ ಸಂಸ್ಥೆಯು ಎಲೆಕ್ಟ್ರಾನಿಕ್ ಸಿಟಿಯನ್ನು ಪ್ರಾರಂಭಿಸಿದುದು 332 ಎಕರೆಯಲ್ಲಿ. ಒಬ್ಬ ನಟಿಯ ತೋಟವು ಅದಕ್ಕಿಂತ ದೊಡ್ಡದಾಗಿದ್ದಿತು.

ಅಲ್ಲಿ ಅವರು ಬೆಳೆದ ಬೆಳೆಯೂ ಅಪೂರ್ವವಾದುದು. ರಾಗಿ ಅವರೆಗಳ ಆ ಸೀಮೆಯಲ್ಲಿ ಅವರು ಲಿನಾಲೋ ಎಂಬ ಮರವನ್ನು ಬೆಳೆಸಿದರು. ಮೆಕ್ಸಿಕೊ ದೇಶದಿಂದ ಬಂದ ಈ ಮರವು ಗುಗ್ಗುಳದ ಕುಟುಂಬಕ್ಕೆ ಸೇರಿದುದು. ಕಡಿಮೆ ಮಳೆಯನ್ನೂ ಬಡ ನೆಲವನ್ನೂ ತಾಳಿಕೊಳ್ಳುತ್ತದೆ. ಮೆಕ್ಸಿಕೊದಲ್ಲಿ ಇದರ ಮರವನ್ನೇ ಕಡಿದು ಎಣ್ಣೆ ತೆಗೆಯುತ್ತಿದ್ದರು. ಇಲ್ಲಿ ಕಾಯಿಯ ಸಿಪ್ಪೆಯನ್ನು ಹಬೆಯಲ್ಲಿ ಬೇಯಿಸಿ ಸುಗಂಧ ತೈಲವನ್ನು ಭಟ್ಟಿಯಿಳಿಸುವುದು ರೂಢಿ. ಸಾಬೂನು, ಅತ್ತರುಗಳ ತಯಾರಿಕೆಗೆ ಬೇಕಾದ ಪದಾರ್ಥ. ಗಂಧದೆಣ್ಣೆಯ ನಾಡಿನಲ್ಲಿ ಇನ್ನೊಂದು ಸುಗಂಧದ ಉದ್ಯಮವನ್ನು ನೂರಾರು ಎಕರೆಯ ಪ್ರಮಾಣದಲ್ಲಿ ನಡೆಸುವುದು ವಿಶ್ರಾಂತಿಯ ಕಾಲಕ್ಷೇಪವಾಗಲಾರದು. ನೆಟ್ಟ ಮರವು ಫಲಕ್ಕೆ ಬರುವವರೆಗೆ ಕಾಯಬೇಕು, ಆಳುಗಳನ್ನು ಸಾಕಬೇಕು, ಕಾಯಿಯನ್ನು ಕಾಲಕ್ಕೆ ಸರಿಯಾಗಿ ಕೀಳಿಸಬೇಕು, ಎಣ್ಣೆಗೆ ಗಿರಾಕಿಯನ್ನು ನೋಡಬೇಕು. ಇದನ್ನು ನಿವೃತ್ತಿಯೆಂದು ಬರೆದ ನಮ್ಮ ಲೇಖಕರು ಕೃಷಿಯನ್ನು ಬಲ್ಲವರಲ್ಲವೆಂದೇ ತೋರುತ್ತದೆ.

ಈ ಬೆಳೆಗೆ ಕಾನೂನಿನಲ್ಲಿಯೂ ಒಂದು ಸ್ಥಾನವು ದೊರೆಯಿತು. 1961ರ ಭೂಸುಧಾರಣಾ ಶಾಸನವು ತಿದ್ದುಪಡಿಹೊಂದಿ 1974ನೆಯ ಮಾರ್ಚ್ 1ರಿಂದ ಜಾರಿಗೆ ಬಂದಾಗ ಒಂದು ಕುಟುಂಬವು ಇಟ್ಟುಕೊಳ್ಳಬಹುದಾದ ಭೂಮಿಗೆ ಮಿತಿಯು ಏರ್ಪಟ್ಟಿತು. ಉಳುವವನೇ ಹೊಲದೊಡೆಯನೆಂಬ ಆ ಕಾಲದ ಮಾತಿನಿಂದ ಕನ್ನಡನಾಡಿನ ಎಷ್ಟೋ ಗೇಣಿದಾರರಿಗೆ ನೆಲ ದೊರೆತುದು ಸರ್ವವಿದಿತ. ಆದರೆ ಮಿತಿಯಿಂದ ವಿನಾಯಿತಿ ಪಡೆದ ಭೂಮಿಗಳ ಪಟ್ಟಿಯಲ್ಲಿ ಲಿನಾಲೋ ಬೆಳೆಯುವ ಭೂಮಿಯೂ ಇದ್ದಿತು. ತೋಟವು ಇಡಿಯಾಗಿ ಉಳಿದುದು ಈ ವಿನಾಯಿತಿಯಿಂದ. ಇದರ ನ್ಯಾಯಾನ್ಯಾಯವನ್ನು ವಿಚಾರಿಸಬೇಕಾದುದು ಭೂಸುಧಾರಣೆಯ ಚರಿತ್ರಕಾರರ ಕೆಲಸ; ಅವರು ವಿಚಾರಿಸಲಿ ಎಂದೇ ನನ್ನ ಅಪೇಕ್ಷೆ. ಕಸ್ತೂರಿಯ ಪಾತ್ರದಿಂದ ಕೀರ್ತಿಹೊಂದಿದವರು 470 ಎಕರೆಯ ಒಡೆತನದಲ್ಲಿ ಬಾಳಿದರೆಂಬ ವಿಪರ್ಯಾಸವನ್ನು ಕಾಣದೆ ಹೋಗುವುದು ಅಭಿಮಾನವಾದೀತು, ಚರಿತ್ರೆಯಾಗದು.

ಕೊನೆಯ ವರ್ಷಗಳು ಕ್ಲೇಶಕರವಾಗಿದ್ದವು. ಇಬ್ಬರೂ ವೃದ್ಧರು; ಮಕ್ಕಳಿಲ್ಲ. 1990ರ ಈಚೆಗೆ ಭೂಮಿಯ ಬಹುಭಾಗವು ಒಂದು ಖಾಸಗಿ ಕಂಪೆನಿಗೆ ಕ್ರಯವಾಗಿದೆಯೆಂಬ ಪತ್ರಗಳು ಹುಟ್ಟಿ, ಅವುಗಳ ಸಿಂಧುತ್ವವನ್ನು ಕುರಿತು ವಿವಾದವು ಎದ್ದಿತು. ರೋರಿಕರು 1993ನೆಯ ಜನವರಿ 30ರಂದು ತೀರಿಕೊಂಡರು. ಅವರ ಸಮಾಧಿಯು ತೋಟದಲ್ಲಿಯೇ ಇದೆ. 1994ನೆಯ ಮಾರ್ಚ್ 8ರಂದು ರಾಜ್ಯ ಸರ್ಕಾರವು ಲಿನಾಲೋ ಭೂಮಿಗೆ ಇದ್ದ ವಿನಾಯಿತಿಯನ್ನು ರದ್ದುಮಾಡಿ ಅಧಿಸೂಚನೆಯನ್ನು ಹೊರಡಿಸಿತು. ಮರುದಿನ ದೇವಿಕಾ ರಾಣಿಯವರು ಕಾಲವಾದರು. ಎರಡು ದಿನಾಂಕಗಳೂ ಒಂದರ ಹಿಂದೊಂದು ಬಂದುದನ್ನು ಕಥೆಗಾರರು ಬೇಕಾದಂತೆ ಬಳಸಿಕೊಳ್ಳಬಹುದು. ಚರಿತ್ರಕಾರನು ಕಾಕತಾಳೀಯವೆಂದು ಗುರುತುಮಾಡಿಕೊಂಡು ಮುಂದೆ ಹೋಗತಕ್ಕದ್ದು.

1996ರಲ್ಲಿ ಕರ್ನಾಟಕದ ಶಾಸನಸಭೆಯು ಈ ಒಂದು ಆಸ್ತಿಗಾಗಿಯೇ ಪ್ರತ್ಯೇಕವಾದ ಶಾಸನವನ್ನು ಮಾಡಿತು. ರೋರಿಕ್ ಮತ್ತು ದೇವಿಕಾ ರಾಣಿ ರೋರಿಕ್ ಎಸ್ಟೇಟಿನ ಸ್ವಾಧೀನ ಮತ್ತು ವರ್ಗಾವಣೆಯ ಅಧಿನಿಯಮವೆಂದು ಅದರ ಹೆಸರು. ಭೂಮಿಯನ್ನು ಮಾತ್ರವಲ್ಲದೆ ಚಿತ್ರಗಳನ್ನೂ ಕಲಾವಸ್ತುಗಳನ್ನೂ ರಕ್ಷಿಸಿ, ಕಲಾಶಾಲೆಯನ್ನೂ ವಸ್ತುಸಂಗ್ರಹಾಲಯವನ್ನೂ ಸ್ಥಾಪಿಸುವುದು ಉದ್ದೇಶವೆಂದು ಹೇಳಲಾಯಿತು. ಪರಿಹಾರದ ಮೊತ್ತವನ್ನು 5 ಕೋಟಿ ರೂಪಾಯಿಯೆಂದು ಗೊತ್ತುಮಾಡಿದರು. ಕಂಪೆನಿಯವರು ಇದನ್ನು ಪ್ರಶ್ನಿಸಿದರು. ಹದಿನೈದು ವರ್ಷಗಳ ಬಳಿಕ, ಲೇಖನದ ಆದಿಯಲ್ಲಿ ಹೇಳಿದ ತೀರ್ಪಿನಲ್ಲಿ, ಮುಖ್ಯ ನ್ಯಾಯಮೂರ್ತಿ ಕಪಾಡಿಯಾ ಅವರ ಅಧ್ಯಕ್ಷತೆಯ ಐವರ ಪೀಠವು ಶಾಸನವನ್ನು ಎತ್ತಿಹಿಡಿಯಿತು. ಸಂವಿಧಾನದ 300-ಎ ವಿಧಿಯಂತೆ ಒಬ್ಬನ ಆಸ್ತಿಯನ್ನು ತೆಗೆದುಕೊಳ್ಳಬೇಕಾದರೆ ಸಾರ್ವಜನಿಕ ಉದ್ದೇಶವಿರಬೇಕು, ಪರಿಹಾರದ ಹಕ್ಕು ಆ ವಿಧಿಯಲ್ಲಿಯೇ ಅಂತರ್ಗತವಾಗಿದೆ ಎಂಬ ತತ್ತ್ವವು ಈ ಮೊಕದ್ದಮೆಯಲ್ಲಿಯೇ ಸ್ಪಷ್ಟವಾಯಿತು. ಆ ವಿಧಿಯನ್ನು ಕುರಿತ ವಾದಗಳಲ್ಲಿ ಇಂದಿಗೂ ಇದನ್ನು ಉದಾಹರಿಸುತ್ತಾರೆ. ಉದಾಹರಿಸುವ ವಕೀಲರಲ್ಲಿ ಎಷ್ಟು ಮಂದಿ ‘ಅಛೂತ್ ಕನ್ಯಾ’ವನ್ನು ಕಂಡಿರುವರೋ!

ಪ್ರಕೃತ ಸಂಶೋಧಕರಿಗಿರುವ ಪ್ರಶ್ನೆ ಕಾಗದಪತ್ರಗಳದು. ಬಾಂಬೆ ಟಾಕೀಸಿಗೆ ಸಂಬಂಧಿಸಿದ ಸಾಮಗ್ರಿಯು ಲೋಕದಲ್ಲಿ ಹಂಚಿಹೋಗಿದೆ. ಹಿಮಾಂಶು ರಾಯರ ಜರ್ಮನ್ ವಂಶದವರು ಉಳಿಸಿಕೊಂಡ ಕಾಗದಗಳು ಆಸ್ಟ್ರೇಲಿಯದ ಮೆಲ್ಬರ್ನ್‌ನಲ್ಲಿವೆ. ವಿರ್ಷಿಂಗರು ಯುದ್ಧಾನಂತರವೂ ಭಾರತದಲ್ಲಿಯೇ ನಿಂತು 1967ರಲ್ಲಿ ತೀರಿಕೊಂಡರು. ಅವರು ತೆಗೆದ ಸ್ಥಿರಚಿತ್ರಗಳನ್ನು ಮೊಮ್ಮಕ್ಕಳು ಗೋವೆಯಲ್ಲಿ ಕಾಪಾಡಿ, 2017ರಲ್ಲಿ ಪ್ರದರ್ಶನಕ್ಕೆ ಇಟ್ಟರು. ಈ ಆಧಾರಗಳಿಂದ ಈಚೆಗೆ ಒಳ್ಳೆಯ ಕೆಲಸಗಳು ನಡೆದಿವೆ. 2020ರಲ್ಲಿ ಕಿಶ್ವರ್ ದೇಸಾಯಿಯವರು ದೇವಿಕಾ ರಾಣಿಯವರ ಪತ್ರಗಳನ್ನು ಆಧರಿಸಿ ಇಂಗ್ಲಿಷಿನಲ್ಲಿ ಆಕೆಯ ಜೀವನಚರಿತ್ರೆಯನ್ನು ಪ್ರಕಟಿಸಿದರು. ರಾಯರೊಡನೆ ಆಕೆ ಅನುಭವಿಸಿದ ಕಷ್ಟಗಳೂ ಸಂಸ್ಥೆಯ ಒಳಜಗಳಗಳೂ ಅದರಿಂದ ತಿಳಿಯುತ್ತವೆ. ಮುಂಬಯಿಯ ಕಾಲವು ಹೀಗೆ ಬೆಳಕಿಗೆ ಬಂದಿದೆ. ಬೆಂಗಳೂರಿನ ಕಾಲವನ್ನು ಬರೆಯುವ ಹೊಣೆ ಬೆಂಗಳೂರಿನವರದಲ್ಲದೆ ಮತ್ತಾರದು? ಅದಕ್ಕೆ ಬೇಕಾದ ದಾಖಲೆಗಳು ಬಹುಪಾಲು ಕನ್ನಡದಲ್ಲಿಯೇ ಇರತಕ್ಕವು: ತಾಲೂಕು ಕಚೇರಿಯ ಪಹಣಿಗಳು, ಮಂಜೂರಾತಿಯ ಕಡತಗಳು, ಭೂಸುಧಾರಣೆಯ ಘೋಷಣಾ ಪತ್ರಗಳು. ಅವುಗಳ ಜತೆಗೆ ತಾತಗುಣಿಯ ಸುತ್ತಮುತ್ತಣ ಹಳ್ಳಿಗಳಲ್ಲಿ ಆ ತೋಟದಲ್ಲಿ ಕಾಯಿ ಕಿತ್ತ ಕೂಲಿಯವರ ನೆನಪುಗಳೂ ಸೇರಬೇಕು. ಆ ತಲೆಮಾರಿನವರಿಗೆ ಈಗ ಎಪ್ಪತ್ತು ಎಂಬತ್ತರ ವಯಸ್ಸು. ಕನಕಪುರ ರಸ್ತೆಯ ಆ ಭಾಗವು ಶೀಘ್ರವಾಗಿ ಬದಲಾಗುತ್ತಿದೆ. ಎಲೆಕ್ಟ್ರಾನಿಕ್ ಸಿಟಿಯಿಂದ ಬರುವ ವರ್ತುಲ ಮಾರ್ಗವು ಅದನ್ನು ದಾಟಿ ಹೋಗುತ್ತದೆ. 2021ರ ಜನವರಿಯಿಂದ ಮೆಟ್ರೋ ರೈಲು ರೇಷ್ಮೆ ಸಂಸ್ಥೆಯವರೆಗೆ ಓಡುತ್ತಿದೆ. ಊರುಗಳ ಹಳೆಯ ಮನೆಗಳು ಹೋಗಿ ಬಹುಮಹಡಿಯ ಕಟ್ಟಡಗಳು ಎದ್ದಿವೆ. ಹಳಬರು ಎಲ್ಲಿಗೆ ಹೋದರೆಂದು ಕೇಳಿದರೆ ಹೇಳುವವರು ದಿನೇದಿನೇ ಕಡಮೆಯಾಗುತ್ತಾರೆ.

ದಾಖಲೆಗಳನ್ನು ಹುಡುಕುವವರಿಗೆ ಒಂದು ಸೂಚನೆಯನ್ನು ಕೊಡಬಹುದು. ಆಕೆಯ ಹೆಸರು ಎಲ್ಲ ಕಡೆಯೂ ಒಂದೇ ಆಗಿಲ್ಲ. ಲಂಡನ್ನಿನ ಕಾಲದ ಪತ್ರಗಳಲ್ಲಿ ದೇವಿಕಾ ಚೌಧುರಿ. ಚಿತ್ರಗಳ ಮೊದಲಲ್ಲಿ ದೇವಿಕಾ ರಾಣಿ. ಕಂಪೆನಿಯ ಕಾಗದಗಳಲ್ಲಿ ಶ್ರೀಮತಿ ಹಿಮಾಂಶು ರಾಯ್. 1996ರ ಶಾಸನದ ಶಿರೋನಾಮೆಯಲ್ಲಿ ದೇವಿಕಾ ರಾಣಿ ರೋರಿಕ್. ಒಂದೇ ಹೆಸರನ್ನು ಹಿಡಿದು ಸೂಚಿಗಳನ್ನು ನೋಡಿದರೆ ಮೂರು ಪಾಲು ಕೈಬಿಟ್ಟುಹೋಗುವುದು. ಕಂದಾಯದ ಕಡತಗಳನ್ನು ನೋಡುವವರು ದ ಅಕ್ಷರವನ್ನು ಬಿಟ್ಟು ರ ಅಕ್ಷರದಿಂದಲೇ ಮೊದಲುಮಾಡುವುದು ಒಳ್ಳೆಯದು.